ಲಜ್ಜೆಯೂ ಅನುತಾಪವೂ

ಮಾನವನ ಹೃದಯದಲ್ಲಿ ಏಳುವ ಭಾವಗಳಲ್ಲಿ ಲಜ್ಜೆಯಷ್ಟು ವಿಚಿತ್ರವಾದುದು ಇನ್ನೊಂದಿಲ್ಲ. ಕೋಪ ಬಂದವನು ಕೂಗುವನು. ದುಃಖ ಬಂದವನು ಅಳುವನು. ಸಂತೋಷಗೊಂಡವನು ಹತ್ತು ಜನರನ್ನು ಕರೆದು ಹೇಳಿಕೊಳ್ಳುವನು. ನಾಚಿದವನೊಬ್ಬನೇ ತನ್ನ ಭಾವವನ್ನು ಮುಚ್ಚಿಡಲು ಹೆಣಗುವನು. ಆದರೆ ಮುಚ್ಚಬೇಕೆಂದಷ್ಟೂ ಅದು ಹೊರಬೀಳುವುದು. ಮುಖ ಕೆಂಪಾಗುವುದು, ಕಣ್ಣು ನೆಲ ನೋಡುವುದು, ನಾಲಗೆ ತೊದಲುವುದು. ಭೂಮಿ ಬಾಯ್ಬಿಟ್ಟು ನುಂಗಬಾರದೆ ಎನಿಸುವುದು. ಚಾರ್ಲ್ಸ್ ಡಾರ್ವಿನ್ನನು 1872ರಲ್ಲಿ ಪ್ರಕಟಿಸಿದ, ಮನುಷ್ಯರ ಮತ್ತು ಪ್ರಾಣಿಗಳ ಭಾವಪ್ರಕಾಶನವನ್ನು ಕುರಿತ ಗ್ರಂಥದಲ್ಲಿ ಮುಖ ಕೆಂಪೇರುವುದಕ್ಕಾಗಿಯೇ ಒಂದು ಅಧ್ಯಾಯವನ್ನು ಮೀಸಲಿಟ್ಟನು. ಇತರ ಭಾವಗಳ ಚಿಹ್ನೆಗಳು ಪ್ರಾಣಿಗಳಲ್ಲಿಯೂ ಕಾಣುತ್ತವೆ, ಇದು ಮಾತ್ರ ಮಾನವನಿಗೇ ಮೀಸಲಾದುದು ಎಂಬುದು ಆತನ ಅಭಿಪ್ರಾಯ. ಕಾರಣವೇನು? ಪರರು ತನ್ನನ್ನು ಏನೆಂದು ತಿಳಿದಾರು ಎಂಬ ಯೋಚನೆಯೇ ಮುಖಕ್ಕೆ ರಕ್ತವನ್ನೇರಿಸುವುದೆಂದು ಆತನು ಹೇಳಿದನು. ತನ್ನನ್ನು ತಾನು ಪರರ ಕಣ್ಣಿನಿಂದ ನೋಡಿಕೊಳ್ಳಬಲ್ಲ ಶಕ್ತಿ ಇದ್ದವನಿಗೆ ಮಾತ್ರ ನಾಚಿಕೆ ಸಾಧ್ಯ.

ಈ ಭಾವವು ಒಳ್ಳೆಯದೋ ಕೆಟ್ಟದೋ ಎಂಬ ಪ್ರಶ್ನೆಗೆ ಹಿಂದಿನವರು ಒಂದೇ ಉತ್ತರವನ್ನು ಕೊಟ್ಟಿಲ್ಲ. ಭಗವದ್ಗೀತೆಯ ಹದಿನಾರನೆಯ ಅಧ್ಯಾಯವು ದೈವೀಸಂಪತ್ತನ್ನು ಎಣಿಸುವಾಗ 'ಹ್ರೀ' ಎಂಬುದನ್ನು, ಎಂದರೆ ಲಜ್ಜೆಯನ್ನು, ಸದ್ಗುಣಗಳ ಸಾಲಿನಲ್ಲಿ ಸೇರಿಸಿದೆ. ತಂತ್ರಶಾಸ್ತ್ರದವರಾದರೋ ಜೀವನನ್ನು ಕಟ್ಟಿಹಾಕುವ ಅಷ್ಟಪಾಶಗಳಲ್ಲಿ ಅದೇ ಲಜ್ಜೆಯನ್ನು ಒಂದಾಗಿ ಎಣಿಸಿದ್ದಾರೆ. ಲೋಕರೂಢಿಯಲ್ಲಿಯೂ ಇದೇ ತೊಡಕು. 'ಲಜ್ಜೆಗೆಟ್ಟವನು' ಎಂಬುದು ಬೈಗುಳ. ಆದರೆ ಭಕ್ತಿಮಾರ್ಗದಲ್ಲಿ ನಡೆಯುವವನು ಲೋಕದ ಲಜ್ಜೆಯನ್ನು ಬಿಡಬೇಕು ಎಂಬುದು ಹಿರಿಯರ ಉಪದೇಶ. ಒಂದೇ ವಸ್ತು ಸಂಪತ್ತೂ ಪಾಶವೂ ಆಗುವುದು ಹೇಗೆ? ಗೃಹಸ್ಥನು ತನ್ನ ಮಕ್ಕಳಿಗೆ ಯಾವುದನ್ನು ಕಲಿಸಬೇಕು? ಈ ಪ್ರಶ್ನೆ ಪಂಡಿತರ ಚರ್ಚೆಗೆ ಮಾತ್ರ ಸೇರಿದುದಲ್ಲ. ನಾಚಿಕೆಯಿಂದ ಒಬ್ಬನು ತಪ್ಪುದಾರಿಯಿಂದ ಹಿಂದಿರುಗುವುದುಂಟು. ನಾಚಿಕೆಯಿಂದಲೇ ಇನ್ನೊಬ್ಬನು ಪ್ರಾಣವನ್ನು ಕಳೆದುಕೊಳ್ಳುವುದೂ ಉಂಟು. ಆದುದರಿಂದ ಇದನ್ನು ವಿಚಾರಮಾಡುವುದು ಅವಶ್ಯ.

ಮೊದಲು ಒಂದಕ್ಕೊಂದು ಬೆರೆತುಹೋಗಿರುವ ಮೂರು ಭಾವಗಳನ್ನು ಬಿಡಿಸಿ ನೋಡಬೇಕು. ಒಂದೂರಿನಲ್ಲಿ ಒಬ್ಬ ದಿನಸಿಯ ವರ್ತಕನಿದ್ದಾನೆಂದು ಭಾವಿಸೋಣ. ಜಾತ್ರೆಯ ದಾಸೋಹದಲ್ಲಿ ಹುಗ್ಗಿ ಬಡಿಸುತ್ತ ಬಂದಾಗ ಕಾಲು ಜಾರಿ, ಕೈಯಲ್ಲಿನ ಪಾತ್ರೆ ಉರುಳಿ, ಪಂಕ್ತಿಯಲ್ಲಿ ಕುಳಿತವರೆಲ್ಲ ಘೊಳ್ಳೆಂದು ನಗುತ್ತಾರೆ. ಅವನಿಗೆ ಆಗುವುದು ಮುಜುಗರ. ಅಲ್ಲಿ ಪಾಪವೂ ಇಲ್ಲ, ಅಪರಾಧವೂ ಇಲ್ಲ. ಅದೇ ವರ್ತಕನು ಸಂತೆಯ ದಿನ ಸವೆದ ಬಟ್ಟಿನಿಂದ ಜೋಳ ತೂಗುವಾಗ ಒಬ್ಬ ಗಿರಾಕಿ ಅದನ್ನು ಹಿಡಿದು, ನೆರೆದವರ ಎದುರಿಗೆ ಎತ್ತಿ ತೋರಿಸುತ್ತಾನೆ. ಆಗ ಅವನ ಮುಖ ಕಪ್ಪಿಡುವುದು. 'ಊರವರ ಮುಂದೆ ಇನ್ನು ತಲೆಯೆತ್ತಿ ತಿರುಗುವುದು ಹೇಗೆ' ಎಂದು ಕುಗ್ಗುವನು. ಇದು ಲಜ್ಜೆ. ಇನ್ನು, ಯಾರೂ ಹಿಡಿಯಲಿಲ್ಲ, ಯಾರಿಗೂ ತಿಳಿಯಲಿಲ್ಲ ಎನ್ನೋಣ. ರಾತ್ರಿ ಅಂಗಡಿಯ ಬಾಗಿಲೆಳೆದು ಮನೆಗೆ ಬಂದು ಉಣಲು ಕುಳಿತಾಗ, ಸೆರಗಿನ ಗಂಟಿನಿಂದ ನಾಣ್ಯಗಳನ್ನು ಬಿಚ್ಚಿ ಎಣಿಸಿ ಕೊಟ್ಟು ಜೋಳ ಒಯ್ದ ಮುದುಕಿಯ ನೆನಪಾಗುತ್ತದೆ. ಆ ಮನೆಯಲ್ಲಿ ಇಂದು ಒಂದು ರೊಟ್ಟಿ ಕಡಿಮೆಯಾಯಿತು, ತಾನು ಕಡಿಮೆ ಮಾಡಿದೆನು ಎಂದು ತುತ್ತು ಗಂಟಲಲ್ಲಿ ನಿಲ್ಲುತ್ತದೆ. ಇದು ಅನುತಾಪ.

ಮುಜುಗರದ ವಿಷಯದಲ್ಲಿ ಹೆಚ್ಚು ಹೇಳಬೇಕಾಗಿಲ್ಲ. ಅದು ಮಾನವಸಹಜವಾದುದು, ಸಮಾಜದಲ್ಲಿ ಅದಕ್ಕೊಂದು ಉಪಯೋಗವೂ ಉಂಟು. 1982ರಲ್ಲಿ ಸೆಮಿನ್ ಮತ್ತು ಮ್ಯಾನ್‌ಸ್ಟೆಡ್ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು ಒಂದು ಪ್ರಯೋಗವನ್ನು ಪ್ರಕಟಿಸಿದರು. ಅಂಗಡಿಯೊಂದರಲ್ಲಿ ಒಟ್ಟಿದ್ದ ಸರಕನ್ನು ಗಿರಾಕಿಯೊಬ್ಬನು ಅಕಸ್ಮಾತ್ತಾಗಿ ಕೆಡಹುವ ದೃಶ್ಯವನ್ನು ಅವರು ನೋಡುಗರಿಗೆ ತೋರಿಸಿದರು. ಏನೂ ಆಗದವನಂತೆ ನಿಂತವನಿಗಿಂತ, ಮುಜುಗರಪಟ್ಟವನನ್ನೇ ನೋಡುಗರು ಹೆಚ್ಚು ಮೆಚ್ಚಿಕೊಂಡರು. ಮುಜುಗರಪಡುವವನು ತನಗೆ ಪರರ ಪರಿವೆ ಉಂಟೆಂಬುದನ್ನು ಮಾತಿಲ್ಲದೆ ತಿಳಿಸುವನು. ಆದುದರಿಂದಲೇ ಜನರು ಅವನನ್ನು ಕ್ಷಮಿಸುವರು. ಹುಗ್ಗಿ ಚೆಲ್ಲಿದ ವರ್ತಕನು ತಾನೂ ನಕ್ಕು, ನೆಲವನ್ನು ಒರಸಿ, ಮತ್ತೆ ಬಡಿಸಲು ನಿಂತರೆ ಅಲ್ಲಿಗೆ ಆ ಪ್ರಸಂಗ ಮುಗಿಯಿತು.

ಲಜ್ಜೆ ಮತ್ತು ಅನುತಾಪಗಳ ನಡುವಣ ಭೇದವು ಇದಕ್ಕಿಂತ ಗಹನವಾದುದು. ಹೊರನೋಟಕ್ಕೆ ಎರಡೂ ತಪ್ಪು ಮಾಡಿದವನ ನೋವುಗಳೇ. ಒಂದು ಜನರೆದುರಿಗೆ, ಇನ್ನೊಂದು ಏಕಾಂತದಲ್ಲಿ ಎಂಬಷ್ಟೇ ಭೇದವೆಂದು ಬಹುಕಾಲ ತಿಳಿದಿದ್ದರು. ಹೆಲೆನ್ ಬ್ಲಾಕ್ ಲೂಯಿಸ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞೆಯು 1971ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಬೇರೊಂದು ಭೇದವನ್ನು ತೋರಿಸಿದಳು. ಲಜ್ಜೆಯ ದೃಷ್ಟಿ ಇರುವುದು ಮಾಡಿದವನ ಮೇಲೆ. ಅನುತಾಪದ ದೃಷ್ಟಿ ಇರುವುದು ಮಾಡಿದ ಕೆಲಸದ ಮೇಲೆ. 'ನಾನು ಕೆಟ್ಟವನು' ಎನ್ನುವುದು ಲಜ್ಜೆ. 'ನಾನು ಮಾಡಿದ್ದು ಕೆಟ್ಟದ್ದು' ಎನ್ನುವುದು ಅನುತಾಪ. ಎರಡು ಮಾತುಗಳ ನಡುವೆ ಅಕ್ಷರಗಳ ಅಂತರ ಸ್ವಲ್ಪ; ಜೀವನದಲ್ಲಿ ಅವು ಒಯ್ಯುವ ದಾರಿಗಳು ತೀರ ಬೇರೆ. ಕೆಟ್ಟ ಕೆಲಸವನ್ನು ಸರಿಪಡಿಸಬಹುದು, ಕೊರತೆಯನ್ನು ತುಂಬಿಕೊಡಬಹುದು, ಇನ್ನು ಮಾಡುವುದಿಲ್ಲವೆಂದು ನಿಶ್ಚಯಿಸಬಹುದು. ಆದರೆ ತಾನೇ ಕೆಟ್ಟವನೆಂದು ನಂಬಿದವನು ಏನನ್ನು ಸರಿಪಡಿಸುವನು? ಅವನಿಗೆ ಉಳಿಯುವುದು ಅಡಗಿಕೊಳ್ಳುವುದೊಂದೇ.

ಟ್ಯಾಂಗ್ನಿ ಮತ್ತು ಡಿಯರಿಂಗ್ ಎಂಬವರು ಈ ದಾರಿಯಲ್ಲಿ ನಡೆಸಿದ ಸಂಶೋಧನೆಗಳನ್ನು 2002ರಲ್ಲಿ ಗ್ರಂಥರೂಪದಲ್ಲಿ ತಂದರು. ಅನುತಾಪಪಡುವ ಸ್ವಭಾವದವರು ನೊಂದವನ ನೋವನ್ನು ಅರಿತು ಅದನ್ನು ಸರಿಪಡಿಸಲು ಮುಂದಾಗುವರೆಂದೂ, ಲಜ್ಜೆಯಿಂದ ಕುಗ್ಗುವ ಸ್ವಭಾವದವರು ಬಚ್ಚಿಟ್ಟುಕೊಳ್ಳುವರು, ಇಲ್ಲವೆ ಸಿಟ್ಟಾಗಿ ಪರರ ಮೇಲೆ ದೂರು ಹೊರಿಸುವರೆಂದೂ ಅವರು ಕಂಡರು. ಸಂತೆಯ ವರ್ತಕನನ್ನು ನೋಡಿದರೆ ಈ ಮಾತು ಸ್ಪಷ್ಟವಾಗುವುದು. ನೆರೆದವರ ಮುಂದೆ ಸಿಕ್ಕಿಬಿದ್ದ ಆತನು ಮುದುಕಿಯನ್ನು ನೆನೆಯುವುದಿಲ್ಲ. ಬಟ್ಟನ್ನು ಎತ್ತಿ ತೋರಿಸಿದವನ ಮೇಲೆ ಹರಿಹಾಯುವನು; 'ಇದು ಅಂಗಡಿಯ ಹುಡುಗನ ಕೆಲಸ' ಎಂದು ಆಳಿನ ಕೆನ್ನೆಗೆ ಹೊಡೆಯುವನು; ಮನೆಗೆ ಬಂದು ಹೆಂಡತಿಯ ಮೇಲೆ ರೇಗುವನು. ಲಜ್ಜೆಯು ಅವನನ್ನು ತಿದ್ದಲಿಲ್ಲ. ಒಂದು ತಪ್ಪಿಗೆ ಮೂರು ತಪ್ಪುಗಳನ್ನು ಸೇರಿಸಿತು. ಮುಂದಿನ ಸಂತೆಗೆ ಆತನು ಬಟ್ಟನ್ನು ಬದಲಿಸಿದರೂ ಅದು ಸಿಕ್ಕಿಬೀಳುವ ಭಯದಿಂದಲೇ ಹೊರತು ಮುದುಕಿಯ ಮೇಲಣ ಕರುಣೆಯಿಂದಲ್ಲ. ಯಾರೂ ನೋಡದ ಕಡೆಯಲ್ಲಿ ಹಳೆಯ ಬಟ್ಟು ಮತ್ತೆ ಹೊರಬರುವುದು.

ಇಲ್ಲಿಯೇ ಲಜ್ಜೆಯ ದೊಡ್ಡ ದೌರ್ಬಲ್ಯವಿದೆ. ಅದು ನೋಡುವ ಕಣ್ಣಿರುವವರೆಗೆ ಮಾತ್ರ ಕಾವಲು ಕಾಯುವುದು. ರೂತ್ ಬೆನೆಡಿಕ್ಟ್ ಎಂಬ ಮಾನವಶಾಸ್ತ್ರಜ್ಞೆಯು 1946ರಲ್ಲಿ ಜಪಾನನ್ನು ಕುರಿತು ಬರೆದ ಪುಸ್ತಕದಲ್ಲಿ, ಪರರ ಕಣ್ಣಿಗೆ ಅಂಜಿ ನಡೆಯುವ ಸಂಸ್ಕೃತಿ ಒಂದು, ಒಳಗಿನ ಸಾಕ್ಷಿಗೆ ಅಂಜಿ ನಡೆಯುವ ಸಂಸ್ಕೃತಿ ಇನ್ನೊಂದು ಎಂದು ವಿಭಾಗಿಸಿದಳು. ಈ ವಿಭಾಗವನ್ನು ಪೂರ್ವದೇಶಗಳಿಗೆಲ್ಲ ಹಚ್ಚಿ, ಇಲ್ಲಿಯ ಜನರಿಗೆ ಇರುವುದು ಲೋಕಾಪವಾದದ ಭಯವೊಂದೇ, ಅಂತಃಸಾಕ್ಷಿಯಲ್ಲ ಎಂದು ಹೇಳುವವರೂ ಉಂಟು. ಹನ್ನೆರಡನೆಯ ಶತಮಾನದ ಕನ್ನಡ ವಚನಗಳನ್ನು ಒಮ್ಮೆಯಾದರೂ ಓದಿದವರು ಈ ಮಾತನ್ನು ಒಪ್ಪಲಾರರು. ಬಿಜ್ಜಳನ ಭಂಡಾರದ ಅಧಿಕಾರಿಯಾಗಿ ಕಲ್ಯಾಣದಲ್ಲಿ ಎಲ್ಲರ ಗೌರವಕ್ಕೆ ಪಾತ್ರರಾಗಿದ್ದ ಬಸವಣ್ಣನವರು ತಮ್ಮ ಮನಸ್ಸಿನ ಚಾಂಚಲ್ಯವನ್ನು, ಆಸೆಯನ್ನು, ನುಡಿಯೊಂದು ನಡೆಯೊಂದಾದುದನ್ನು ಯಾರೂ ಕೇಳದಿದ್ದರೂ ತಾವೇ ಎಣಿಸಿಟ್ಟರು. ಲೋಕಾಪವಾದಕ್ಕೆ ಅಂಜುವವನು ಹಾಗೆ ಮಾಡನು. ಅವನು ತನ್ನ ದೋಷಗಳನ್ನು ಮುಚ್ಚುವನು. ಕಸ ಗುಡಿಸುವ ಕಾಯಕದ ಸತ್ಯಕ್ಕನು ದಾರಿಯಲ್ಲಿ ಹೊನ್ನು ಬಿದ್ದಿದ್ದರೂ, ವಸ್ತ್ರ ಬಿದ್ದಿದ್ದರೂ ಕೈಯಿಂದ ಮುಟ್ಟೆನೆಂದು ವ್ರತ ತೊಟ್ಟಳು. ದಾರಿಯಲ್ಲಿ ಬಿದ್ದುದನ್ನು ಎತ್ತಿಕೊಂಡರೆ ನೋಡುವವರಾರು? ಕೇಳುವವರಾರು? ಆಕೆಗೆ ಬೇಕಾಗಿದ್ದುದು ಊರಿನ ಕಣ್ಣಲ್ಲ.

ಇಷ್ಟಲಿಂಗಪೂಜೆಯ ಕ್ರಮದಲ್ಲಿಯೂ ಇದೇ ತತ್ತ್ವ ಅಡಗಿದೆ. ಅಂಗೈಯಲ್ಲಿ ಲಿಂಗವನ್ನಿರಿಸಿ ನೋಡುವ ಭಕ್ತನಿಗೂ ಲಿಂಗಕ್ಕೂ ನಡುವೆ ಮತ್ತಾರೂ ಇಲ್ಲ. ಅಲ್ಲಿ ಹೊಗಳುವವರಿಲ್ಲ, ಹಳಿಯುವವರಿಲ್ಲ. ದಿನಕ್ಕೊಮ್ಮೆಯಾದರೂ ಊರಿನ ಕಣ್ಣುಗಳಿಂದ ದೂರವಾಗಿ ಕುಳಿತು, ತನ್ನನ್ನು ತಾನು ನೇರವಾಗಿ ನೋಡಿಕೊಳ್ಳುವ ಅಭ್ಯಾಸವಿದು. ಆ ಹೊತ್ತಿನಲ್ಲಿಯೂ 'ಜನ ಏನೆಂದಾರು' ಎಂದು ಚಿಂತಿಸುವವನು ಪೂಜೆಗೆ ಕುಳಿತಿದ್ದರೂ ಸಂತೆಯಲ್ಲಿಯೇ ಇರುವನು.

ಹಾಗಾದರೆ ಶರಣರು ಲಜ್ಜೆಯನ್ನು ಇಲ್ಲವಾಗಿಸಿದರೆ? ಅವರು ಲಜ್ಜೆಯನ್ನು ಇರಬಾರದ ಸ್ಥಾನದಿಂದ ಎತ್ತಿ, ಇರಬೇಕಾದ ಸ್ಥಾನದಲ್ಲಿಟ್ಟರು ಎನ್ನುವುದೇ ಹೆಚ್ಚು ಸರಿ. ಇರಬಾರದ ಸ್ಥಾನ ಯಾವುದು? ಅವರ ಹೆಸರುಗಳೇ ಅದನ್ನು ಹೇಳುತ್ತವೆ. ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯ, ಮಾದಾರ ಧೂಳಯ್ಯ, ಡೋಹರ ಕಕ್ಕಯ್ಯ, ಮೇದರ ಕೇತಯ್ಯ, ನುಲಿಯ ಚಂದಯ್ಯ: ಒಂದೊಂದು ಹೆಸರಿನ ಮುಂದೆಯೂ ಒಂದೊಂದು ಕಸುಬು ನಿಂತಿದೆ. ಬಟ್ಟೆ ಒಗೆಯುವುದು, ತೊಗಲು ಹದಮಾಡುವುದು, ಬುಟ್ಟಿ ಹೆಣೆಯುವುದು, ಹಗ್ಗ ಹೊಸೆಯುವುದು ಲೋಕದ ಕಣ್ಣಿನಲ್ಲಿ ಕೀಳೆನಿಸಿ, ಮಾಡುವವರ ತಲೆಯನ್ನು ತಗ್ಗಿಸಿದ್ದವು. ಮನುಷ್ಯನು ತಾನು ಮಾಡದ ತಪ್ಪಿಗಾಗಿ ಹುಟ್ಟಿನಿಂದಲೇ ನಾಚಬೇಕಾಗಿದ್ದ ಸ್ಥಿತಿ ಅದು. ಶರಣರು ಆ ಹೆಸರನ್ನು ಮುಚ್ಚಿಡಲಿಲ್ಲ. ಅದನ್ನೇ ಕಾಯಕವೆಂದು ಕರೆದು ಮುಂದಿಟ್ಟುಕೊಂಡು ನಡೆದರು. ಮುಚ್ಚಿಡುವುದು ತಪ್ಪಿದಾಗ ಲಜ್ಜೆಯ ಬಲವೂ ಕುಂದಿತು.

ಇನ್ನೆರಡು ಹೆಸರುಗಳು ಇದಕ್ಕಿಂತಲೂ ಆಶ್ಚರ್ಯಕರವಾದುವು. ಕನ್ನ ಹಾಕುವ ಕಳ್ಳನಾಗಿದ್ದು ಶರಣನಾದವನು ಕನ್ನದ ಮಾರಿತಂದೆ. ಕಳ್ಳತನವನ್ನು ಬಿಟ್ಟ ಮೇಲೆ ಆ ಹೆಸರನ್ನು ಬಿಡಲು ಆತನಿಗೆ ಯಾವ ಅಡ್ಡಿಯಿತ್ತು? ಆದರೂ 'ಕನ್ನದ' ಎಂಬುದು ಉಳಿಯಿತು. ಸೂಳೆ ಸಂಕವ್ವೆ ಎಂಬ ಶರಣೆಯದು ಒಂದೇ ಒಂದು ವಚನ ಇಂದಿಗೆ ಉಳಿದು ಬಂದಿದೆ. ತನ್ನ ವೃತ್ತಿಯ ಮಾತಿನಲ್ಲಿಯೇ ಆಕೆ ಅಲ್ಲಿ ವ್ರತನಿಷ್ಠೆಯನ್ನು ನುಡಿದಿದ್ದಾಳೆ. ಆಕೆ ತನ್ನ ದೈವವನ್ನು ಕರೆದ ಹೆಸರು 'ನಿರ್ಲಜ್ಜೇಶ್ವರ'. ಲೋಕವು ಯಾರನ್ನು ಲಜ್ಜೆಗೆಟ್ಟವಳೆಂದು ಹಳಿಯಿತೋ ಆಕೆಯು, ಲಜ್ಜೆಯೆಂಬುದೇ ಇಲ್ಲದ ಈಶ್ವರನನ್ನು ತನ್ನ ಒಡೆಯನನ್ನಾಗಿ ವರಿಸಿದಳು. ಯಾರನ್ನು ನೋಡಿದರೂ ಮುಖ ತಿರುಗಿಸದವನು, ಯಾರು ಬಂದರೂ ನಾಚಿ ಹಿಂಜರಿಯದವನು ಆ ದೇವನು. ಜನರೆಲ್ಲರೂ ಮುಖ ತಿರುಗಿಸಿದಾಗಲೂ ಮುಖ ತಿರುಗಿಸದ ಒಬ್ಬನು ಇರುವನೆಂಬ ನಂಬಿಕೆಯೇ ಮನುಷ್ಯನಿಗೆ ಎದ್ದು ನಿಲ್ಲುವ ಬಲವನ್ನು ಕೊಡುವುದು. ಆದರೆ ಆಕೆ ನಿಷ್ಠೆಯನ್ನು ಬಿಡಲಿಲ್ಲವೆಂಬುದನ್ನು ಮರೆಯಬಾರದು. ಲಜ್ಜೆ ಹೋಯಿತು, ಅಂತಃಸಾಕ್ಷಿ ಉಳಿಯಿತು.

ಇರಬೇಕಾದ ಸ್ಥಾನ ಯಾವುದೆಂಬುದಕ್ಕೆ ಆಯ್ದಕ್ಕಿ ಮಾರಯ್ಯ ಮತ್ತು ಲಕ್ಕಮ್ಮ ದಂಪತಿಗಳ ಪ್ರಸಂಗವು ನಿದರ್ಶನ. ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಮಾರಯ್ಯನ ಕಾಯಕ. ನೆಲಕ್ಕೆ ಬಾಗಿ ಕಾಳು ಹೆಕ್ಕುವ ಬಡತನವನ್ನು ಕುರಿತು ಆ ಮನೆಯಲ್ಲಿ ಯಾರೂ ನಾಚಲಿಲ್ಲ. ಆದರೆ ಒಂದು ದಿನ ಮಾರಯ್ಯನು ಎಂದಿಗಿಂತ ಹೆಚ್ಚು ಅಕ್ಕಿ ತಂದಾಗ ಲಕ್ಕಮ್ಮ ಅದನ್ನು ಒಪ್ಪಲಿಲ್ಲ. ಬೇಕಾದುದಕ್ಕಿಂತ ಹೆಚ್ಚು ತಂದುದು ಆಸೆಯ ಗುರುತೆಂದು ತಿಳಿಸಿ, ಹೆಚ್ಚಿನದನ್ನು ತಂದಲ್ಲಿಗೇ ಹಿಂದಿರುಗಿಸಲು ಹೇಳಿದಳು. ಲೋಕದ ರೀತಿ ಇದಕ್ಕೆ ತಲೆಕೆಳಗು. ಲೋಕದಲ್ಲಿ ಕಡಿಮೆ ತಂದ ಗಂಡನು ನಾಚುವನು. ಹೆಚ್ಚು ತಂದವನು ಮೀಸೆ ತಿರುವುವನು. ಹೆಚ್ಚಾದುದು ಹೇಗೆ ಬಂತೆಂದು ಕೇಳುವವರೇ ವಿರಳ.

ಲಕ್ಕಮ್ಮನು ತಪ್ಪನ್ನು ತೋರಿಸಿದ ಬಗೆಯನ್ನೂ ಗಮನಿಸಬೇಕು. ಆಕೆ ಗಂಡನನ್ನು ಅಯೋಗ್ಯನೆಂದು ಜರೆಯಲಿಲ್ಲ. ಕೇರಿಯವರನ್ನು ಕರೆದು ಹೇಳಲಿಲ್ಲ. ತಪ್ಪು ಇಂತಹುದು, ಅದಕ್ಕೆ ಪರಿಹಾರ ಇಂತಹುದು ಎಂದಳು. ಹೆಚ್ಚಿನ ಅಕ್ಕಿಯನ್ನು ಹಿಂದಕ್ಕೆ ಸುರಿದು ಬಂದೊಡನೆ ವಿಷಯ ಮುಗಿಯಿತು. ಮಾರಯ್ಯನು ಮತ್ತೆ ಅದೇ ಮಾರಯ್ಯ, ಮನೆ ಮತ್ತೆ ಅದೇ ಮನೆ. ಆಧುನಿಕ ಮನಶ್ಶಾಸ್ತ್ರವು ಮಾಡಿದವನನ್ನು ಬಿಟ್ಟು ಮಾಡಿದುದನ್ನು ನೋಡಬೇಕೆಂದು ಹೇಳುವುದು ಇದನ್ನೇ. ಲಕ್ಕಮ್ಮನಿಗೆ ಆ ಶಾಸ್ತ್ರ ತಿಳಿದಿರಲಿಲ್ಲ, ಬಾಳು ತಿಳಿದಿತ್ತು.

ಅಕ್ಕಮಹಾದೇವಿಯ ಪ್ರಸಂಗವನ್ನು ವಿಚಾರಿಸಿದರೆ ಮೊದಲಿನ ತೊಡಕು ಬಿಡಿಸಿಕೊಳ್ಳುವುದು. ಉಡುಗೆಯನ್ನು ತೊರೆದು, ಕೂದಲನ್ನೇ ಹೊದ್ದು ಆಕೆ ಕಲ್ಯಾಣಕ್ಕೆ ಬಂದ ಕಥೆ ಎಲ್ಲರಿಗೂ ತಿಳಿದುದು. ಅನುಭವಮಂಟಪದಲ್ಲಿ ಅಲ್ಲಮಪ್ರಭುಗಳು ಆಕೆಯನ್ನು ಪರೀಕ್ಷಿಸುತ್ತ, ಉಡುಗೆಯನ್ನು ಬಿಟ್ಟ ಮೇಲೆ ಕೂದಲಿನಿಂದ ಮೈ ಮರೆಮಾಡಿದ್ದೇಕೆಂದು ಕೇಳಿದಂತೆ ಶೂನ್ಯಸಂಪಾದನೆಯು ವರ್ಣಿಸುವುದು. ಅದು ತನ್ನ ನಾಚಿಕೆಗಾಗಿಯಲ್ಲ, ನೋಡುವವರ ಮನಸ್ಸಿಗೆ ನೋವಾಗದಿರಲೆಂದು ಎಂಬುದು ಆಕೆಯ ಉತ್ತರದ ಭಾವ. ತನ್ನ ಬಗ್ಗೆ ಪರರು ಏನೆಂದಾರು ಎಂಬ ಚಿಂತೆಯನ್ನು ಆಕೆ ದಾಟಿದ್ದಳು. ಪರರಿಗೆ ಏನಾದೀತು ಎಂಬ ಚಿಂತೆಯನ್ನು ಬಿಟ್ಟಿರಲಿಲ್ಲ. ಪಾಶವೆನಿಸಿದ ಲಜ್ಜೆಗೂ ದೈವೀಸಂಪತ್ತೆನಿಸಿದ ಹ್ರೀಗೂ ಇರುವ ಅಂತರ ಇದೇ. ಮೊದಲನೆಯದು ತನ್ನ ಮಾನವನ್ನು ಕಾಯುವುದು. ಎರಡನೆಯದು ಇನ್ನೊಬ್ಬರ ಮನವನ್ನು ಕಾಯುವುದು. ಮೊದಲನೆಯದನ್ನು ಬಿಟ್ಟು ಎರಡನೆಯದನ್ನು ಉಳಿಸಿಕೊಂಡವರು ಶರಣರು. ಎರಡನ್ನೂ ಬಿಟ್ಟವನು ನಿರ್ಲಜ್ಜನು.

ಅನುತಾಪವು ತನ್ನ ಗುರಿಯನ್ನು ಮುಟ್ಟಬೇಕಾದರೆ ತಪ್ಪು ಮಾಡಿದವನೊಬ್ಬನ ಧೈರ್ಯವೇ ಸಾಲದು. ಅದನ್ನು ಕೇಳುವವನ ಔದಾರ್ಯವೂ ಬೇಕು. ಮಹಾತ್ಮಾ ಗಾಂಧಿಯವರು 1925ರಿಂದ ಪ್ರಕಟಿಸತೊಡಗಿದ ಆತ್ಮಕಥೆಯಲ್ಲಿ ಒಂದು ಘಟನೆಯನ್ನು ಬರೆದಿದ್ದಾರೆ. ಆಗ ಅವರಿಗೆ ಹದಿನೈದು ವರ್ಷ. ಅಣ್ಣನ ಸಾಲ ತೀರಿಸುವುದಕ್ಕಾಗಿ ಆತನ ತೋಳಬಂದಿಯಿಂದ ಸ್ವಲ್ಪ ಬಂಗಾರವನ್ನು ಕದ್ದರು. ಸಾಲ ತೀರಿತು, ಮನಸ್ಸಿನ ಭಾರ ತೀರಲಿಲ್ಲ. ಬಾಯಿಬಿಟ್ಟು ಹೇಳಲು ಧೈರ್ಯ ಸಾಲದೆ, ತಪ್ಪನ್ನು ಒಂದು ಚೀಟಿಯಲ್ಲಿ ಬರೆದು, ಶಿಕ್ಷೆಯನ್ನು ಬೇಡಿ, ಇನ್ನೆಂದಿಗೂ ಕದಿಯುವುದಿಲ್ಲವೆಂದು ಪ್ರತಿಜ್ಞೆ ಮಾಡಿ, ಕಾಯಿಲೆಯಿಂದ ಮಲಗಿದ್ದ ತಂದೆಯ ಕೈಯಲ್ಲಿಟ್ಟರು. ತಂದೆ ಎದ್ದು ಕುಳಿತು ಓದಿದರು. ಕಣ್ಣೀರು ಚೀಟಿಯನ್ನು ತೋಯಿಸಿತು. ಒಂದು ಕ್ಷಣ ಕಣ್ಣು ಮುಚ್ಚಿಕೊಂಡಿದ್ದು, ಚೀಟಿಯನ್ನು ಹರಿದುಹಾಕಿ ಮತ್ತೆ ಮಲಗಿದರು. ಬೈಗುಳವಿಲ್ಲ, ಹೊಡೆತವಿಲ್ಲ, 'ಕಳ್ಳ' ಎಂಬ ಮಾತಿಲ್ಲ. ಆ ಕಣ್ಣೀರು ತಪ್ಪನ್ನು ಹಗುರವೆಂದು ತಳ್ಳಿಹಾಕಲಿಲ್ಲ. ಹರಿದ ಚೀಟಿ ಮಗನನ್ನು ಆ ತಪ್ಪಿಗೆ ಕಟ್ಟಿಹಾಕಲೂ ಇಲ್ಲ. ಆ ದಿನ ತಂದೆಯು ಮಗನನ್ನು ಹತ್ತು ಜನರ ಮುಂದೆ ನಿಲ್ಲಿಸಿ ಅವಮಾನಿಸಿದ್ದರೆ ಸತ್ಯವನ್ನು ಹೇಳಿದ್ದಕ್ಕೇ ಶಿಕ್ಷೆಯಾಯಿತೆಂಬ ಪಾಠವನ್ನು ಆ ಹುಡುಗನು ಕಲಿಯಬಹುದಾಗಿತ್ತು.

ಗೃಹಸ್ಥರ ಮನೆಗಳಲ್ಲಿ ಈ ಪಾಠ ಎಷ್ಟರಮಟ್ಟಿಗೆ ನಡೆಯುತ್ತಿದೆ? ಮಗು ಕಂಚಿನ ಬಟ್ಟಲನ್ನು ಕೆಳಗೆ ಹಾಕಿ ಬಿರುಕುಬಿಡಿಸಿದರೆ 'ನೀನು ಯಾವ ಕೆಲಸಕ್ಕೂ ಬಾರದವನು' ಎಂಬ ಮಾತು ಸುಲಭವಾಗಿ ಬಾಯಿಗೆ ಬರುವುದು. ಬಂದ ನೆಂಟರ ಎದುರಿಗೆ ಮಗನ ದಡ್ಡತನವನ್ನು ಆಡಿಕೊಳ್ಳುವುದನ್ನು ಶಿಕ್ಷಣವೆಂದೇ ಭಾವಿಸಿದ ತಂದೆತಾಯಿಗಳುಂಟು. ಹಾಗೆ ಬೆಳೆದ ಮಗುವು ಮುಂದೆ ತಪ್ಪು ಮಾಡದಿರುವುದನ್ನು ಕಲಿಯುವುದಿಲ್ಲ. ಒಡೆದ ಚೂರುಗಳನ್ನು ಹಿತ್ತಲಲ್ಲಿ ಹೂಳುವುದನ್ನು ಕಲಿಯುವುದು. ಎಸ್.ಎಸ್.ಎಲ್.ಸಿ. ಪರೀಕ್ಷೆಯ ಫಲಿತಾಂಶ ಬಂದ ದಿನಗಳಲ್ಲಿ, ಸಾಲದ ಕಂತು ತಪ್ಪಿದ ದಿನಗಳಲ್ಲಿ ಪತ್ರಿಕೆಗಳು ತರುವ ಕೆಲವು ಸುದ್ದಿಗಳನ್ನು ಓದಿ ಮನಸ್ಸು ಕಲಕದವರಾರು? ಪರೀಕ್ಷೆಯಲ್ಲಿ ನಪಾಸಾಗುವುದು ಪಾಪವಲ್ಲ. ಮಳೆ ಕೈಕೊಟ್ಟು ಬೆಳೆ ಒಣಗಿದವನು ಸಾಲಗಾರನಾಗುವುದು ಅಪರಾಧವಲ್ಲ. ಅಲ್ಲಿ ಸರಿಪಡಿಸಬೇಕಾದ ಕೆಲಸಗಳುಂಟು: ಮತ್ತೊಮ್ಮೆ ಪರೀಕ್ಷೆಗೆ ಕೂಡಬಹುದು, ಸಾಲಕ್ಕೆ ಗಡುವು ಕೇಳಬಹುದು. ಆದರೆ 'ಇನ್ನು ಮುಖ ತೋರಿಸುವುದು ಹೇಗೆ' ಎಂಬ ಒಂದೇ ಚಿಂತೆ ಆ ದಾರಿಗಳನ್ನೆಲ್ಲ ಮರೆಮಾಡುವುದು. 'ನಿನ್ನ ಮುಖ ನನಗೆ ಎಂದೂ ಬೇಡವಾಗುವುದಿಲ್ಲ' ಎಂದು ಮನೆಯಲ್ಲಿ ಒಬ್ಬರಾದರೂ ಆ ಹೊತ್ತಿನಲ್ಲಿ ಹೇಳಿದರೆ ಒಂದು ಜೀವ ಉಳಿಯಬಹುದು. ಇಂಥ ಗಳಿಗೆಯಲ್ಲಿ ಕುಗ್ಗಿದವನನ್ನು ಒಂಟಿಯಾಗಿ ಬಿಡದೆ ಮಾತನಾಡಿಸುವುದು, ವೈದ್ಯರಲ್ಲಿಗೆ ಕರೆದೊಯ್ಯುವುದು ದಾಸೋಹಕ್ಕಿಂತ ಕಡಿಮೆಯಾದ ಸೇವೆಯಲ್ಲ.

ಸಮಾಜವೂ ತನ್ನನ್ನು ತಾನು ನೋಡಿಕೊಳ್ಳಬೇಕು. ಹಿಂದೆ ಒಬ್ಬನ ತಪ್ಪು ಅಗಸೆಕಟ್ಟೆಯವರೆಗೆ ಹೋಗಿ ನಿಲ್ಲುತ್ತಿತ್ತು. ಇಂದು ಮೊಬೈಲಿನ ಮೂಲಕ ಒಂದು ಗಳಿಗೆಯಲ್ಲಿ ನೂರು ಊರುಗಳನ್ನು ಸುತ್ತುವುದು. ಮನುಷ್ಯನು ತಿದ್ದಿಕೊಂಡರೂ ಆ ಚಿತ್ರ ತಿದ್ದಿಕೊಳ್ಳುವುದಿಲ್ಲ. ಒಬ್ಬನನ್ನು ನಾಚಿಸಿ ಹತ್ತು ಜನ ನಗುವಾಗ, ಆ ಹತ್ತು ಜನರಿಗೆ ತಾವು ಧರ್ಮರಕ್ಷಣೆ ಮಾಡಿದೆವೆಂಬ ಭ್ರಾಂತಿಯೂ ಸೇರಿಕೊಳ್ಳುವುದು. ನಾಚಬೇಕಾದುದು ನಿಜವಾಗಿ ಅಲ್ಲಿ.

ಅನುತಾಪಕ್ಕೂ ತನ್ನವೇ ಆದ ಎರಡು ಅಪಾಯಗಳುಂಟು. ತಪ್ಪೇ ಇಲ್ಲದೆಡೆ ತಪ್ಪನ್ನು ಹೊತ್ತುಕೊಳ್ಳುವುದು ಒಂದು. ಮಗುವನ್ನು ಕಳೆದುಕೊಂಡ ತಾಯಿ 'ಒಂದು ದಿನ ಮೊದಲೇ ಆಸ್ಪತ್ರೆಗೆ ಒಯ್ಯಬೇಕಿತ್ತು' ಎಂದು ವರ್ಷಗಟ್ಟಲೆ ತನ್ನನ್ನು ಹಳಿದುಕೊಳ್ಳುವಳು. ಆಗ ಅವಳಿಗೆ ತಿಳಿದಿದ್ದುದೆಷ್ಟು, ಕೈಲಾಗುತ್ತಿದ್ದುದೆಷ್ಟು ಎಂದು ಕೇಳಿಕೊಂಡರೆ ಅಲ್ಲಿ ಇರುವುದು ಪ್ರೀತಿಯ ನೋವೇ ಹೊರತು ಅಪರಾಧವಲ್ಲವೆಂಬುದು ಕಾಣುವುದು. ಅಂಥವಳಿಗೆ ಬೇಕಾದುದು ಪ್ರಾಯಶ್ಚಿತ್ತವಲ್ಲ, ಸಮಾಧಾನ. ಎರಡನೆಯ ಅಪಾಯವು ಇದಕ್ಕೆ ವಿರುದ್ಧವಾದುದು: ಅಗ್ಗದಲ್ಲಿ ತಪ್ಪನ್ನು ತೊಳೆದುಕೊಳ್ಳುವುದು. ಸವೆದ ಬಟ್ಟಿನಿಂದ ಗಳಿಸಿದ ಹಣದಲ್ಲಿ ಒಂದು ಪಾಲನ್ನು ದೇವರ ಹುಂಡಿಗೆ ಹಾಕಿ, ಬೆಳ್ಳಿಯ ಆರತಿಯನ್ನು ಮಾಡಿಸಿಕೊಟ್ಟು, ಅದರ ಮೇಲೆ ಹೆಸರನ್ನೂ ಕೆತ್ತಿಸಿದರೆ ಮುದುಕಿಯ ಜೋಳ ಅವಳ ಮನೆಗೆ ಬಂದೀತೆ? ತಪ್ಪು ಯಾರಿಗೆ ಆಯಿತೋ ಅವರಲ್ಲಿಗೆ ಹೋಗಿ ತುಂಬಿಕೊಡುವುದೇ ನಿಜವಾದ ಪ್ರಾಯಶ್ಚಿತ್ತ. ಒಳಗನ್ನು ತೊಳೆಯದೆ ಹೊರಗನ್ನು ಬೆಳಗಿಸುವುದನ್ನು ಶರಣರು ಎಂದಿಗೂ ಭಕ್ತಿಯೆಂದು ಕರೆಯಲಿಲ್ಲ.

ಇಲ್ಲಿ ಒಂದು ಆಕ್ಷೇಪಣೆ ಹುಟ್ಟುವುದು ಸಹಜ. ನಾಚಿಕೆಯ ಭಯವನ್ನು ತೆಗೆದುಬಿಟ್ಟರೆ ಜನರು ಸ್ವೇಚ್ಛಾಚಾರಿಗಳಾಗುವುದಿಲ್ಲವೆ? ಲಂಚ ತಿನ್ನುವವರೂ ಮಾತಿಗೆ ತಪ್ಪುವವರೂ ಈಗಾಗಲೇ ನಾಚುವುದನ್ನು ಮರೆತಿರುವಾಗ ಲಜ್ಜೆಯನ್ನು ಹಳಿಯುವುದು ಸರಿಯೆ? ಈ ಮಾತಿನಲ್ಲಿ ಸತ್ಯಾಂಶವಿದೆ. ಮುಖ ಕೆಂಪೇರುವುದು ಮನುಷ್ಯತ್ವದ ಒಂದು ಗುರುತು. ಅದು ಪೂರ್ತಿ ಬತ್ತಿದವನಲ್ಲಿ ಅನುತಾಪವನ್ನು ಬಿತ್ತುವುದು ಕಷ್ಟ. ಕುಂಬಳಕಾಯಿ ಕಳ್ಳನೆಂದರೆ ಹೆಗಲು ಮುಟ್ಟಿ ನೋಡಿಕೊಂಡವನಲ್ಲಿ ಇನ್ನೂ ಆಸೆಗೆ ಎಡೆಯಿದೆ; ಕಾಯನ್ನು ಹೆಗಲ ಮೇಲಿಟ್ಟುಕೊಂಡೇ ನ್ಯಾಯ ಹೇಳುವವನಲ್ಲಿ ಅದು ಕಡಿಮೆ. ಆದರೆ ಲಂಚಕೋರನನ್ನು ಕೇಳಿ ನೋಡಿದರೆ ಅವನಿಗೂ ನಾಚಿಕೆ ಇದೆ. ಮಗಳ ಮದುವೆಯನ್ನು ಸರಳವಾಗಿ ಮಾಡಲು ಅವನು ನಾಚುವನು. ನೆರೆಯವನಿಗಿಂತ ಚಿಕ್ಕ ಮನೆಯಲ್ಲಿರಲು ನಾಚುವನು. ಆ ನಾಚಿಕೆಯೇ ಅನೇಕರನ್ನು ಲಂಚಕ್ಕೆ ಕೈಚಾಚಿಸುವುದು. ಅವನಲ್ಲಿ ಲಜ್ಜೆಯ ಕೊರತೆಯಿಲ್ಲ. ಲಜ್ಜೆಯು ತಪ್ಪು ಮನೆಯಲ್ಲಿ ಬಿಡಾರ ಹೂಡಿದೆ. ಹೆಚ್ಚಾದ ಅಕ್ಕಿಗೆ ನಾಚುವ ಲಕ್ಕಮ್ಮನ ದೃಷ್ಟಿ ಆ ಮನೆಗೆ ಬಂದರೆ ಕೈ ತಾನಾಗಿ ಹಿಂದೆ ಸರಿಯುವುದು.

ಲಜ್ಜೆಯು ಬಾಗಿಲನ್ನು ತಟ್ಟಿ ಎಬ್ಬಿಸುವ ಆಳಿನಂತೆ. ಒಳಗಿನವನು ಎಚ್ಚತ್ತ ಮೇಲೆ ಅದರ ಕೆಲಸ ಮುಗಿಯಿತು. ಅದು ಮನೆಯ ಯಜಮಾನನಾಗಬಾರದು. ಎಚ್ಚತ್ತವನು ಮಾಡಿದುದನ್ನು ಮಾಡಿದೆನೆಂದು ಒಪ್ಪಬೇಕು, ನೊಂದವರ ಮುಂದೆ ಅದನ್ನು ನುಡಿಯಬೇಕು, ಕೊರತೆಯನ್ನು ತುಂಬಿಕೊಡಬೇಕು, ಮತ್ತೆ ಮಾಡದಂತೆ ನಡೆಯಬೇಕು, ಬಳಿಕ ಅದನ್ನು ಇಳಿಸಿ ಕಾಯಕಕ್ಕೆ ಕೈಹಚ್ಚಬೇಕು. ಕೇಳುವವರು, ತಾವೂ ಒಂದು ದಿನ ಹೀಗೆ ನುಡಿಯಬೇಕಾದೀತೆಂಬುದನ್ನು ನೆನೆದು, ಕೇಳಿ ಮುಗಿಸಬೇಕು. ಸಂತೆಯ ವರ್ತಕನು ಮುಂದಿನ ವಾರ ಮುದುಕಿಯನ್ನು ಕರೆದು, 'ಅವ್ವಾ, ಹೋದ ಸಂತೆಯಲ್ಲಿ ತೂಕ ಕಡಿಮೆ ಬಿತ್ತು. ಇದು ನಿನ್ನದು' ಎಂದು ಅವಳ ಚೀಲಕ್ಕೆ ಜೋಳ ಸುರಿಯುವಾಗ ಅವನ ಮುಖ ಕೆಂಪೇರಬಹುದು. ಏರಲಿ. ತಲೆ ಮಾತ್ರ ತಗ್ಗಬೇಕಾಗಿಲ್ಲ.